ಬಾಲ್ಟಿಕ್ ಭಾಷೆಗಳು: ಒಡಹುಟ್ಟೂ ಒಡನಾಟವೂ

(ಮಹೋತ್ಸವದ ವಿದ್ವದ್ಗೋಷ್ಠಿಯಲ್ಲಿ ಮಾಡಿದ ಉಪನ್ಯಾಸ)



ಇಬ್ಬರು ಮನುಷ್ಯರಲ್ಲಿ ಹೋಲಿಕೆಯು ಎರಡು ಬಗೆಯಿಂದ ಉಂಟಾಗುವುದು. ಒಂದೇ ಗರ್ಭದಲ್ಲಿ ಜನಿಸಿದವರಿಗೆ ಮುಖಲಕ್ಷಣದ ಹೋಲಿಕೆಯಿರುವುದು. ಒಂದೇ ಕೇರಿಯಲ್ಲಿ ಬಹುಕಾಲ ಬಾಳಿದವರಿಗೆ ನಡೆನುಡಿಗಳ ಹೋಲಿಕೆಯಿರುವುದು. ಮೊದಲನೆಯದು ಒಡಹುಟ್ಟಿನ ಫಲವು. ಎರಡನೆಯದು ಒಡನಾಟದ ಫಲವು. ಭಾಷೆಗಳಲ್ಲಿಯೂ ಈ ಎರಡು ಬಗೆಯ ಹೋಲಿಕೆಗಳುಂಟು. ಇವುಗಳ ಭೇದವನ್ನರಿಯದೆ, ಎರಡು ಮಾತುಗಳು ಕಿವಿಗೆ ಸಮಾನವಾಗಿ ಕೇಳಿಸಿದ ಮಾತ್ರಕ್ಕೆ ಇದು ಅದರ ಮಗಳು, ಅದು ಇದರ ತಾಯಿ ಎಂದು ನಿರ್ಣಯಿಸಿದವರು ಹಿಂದೆ ಬಹುಮಂದಿ ಇದ್ದರು. ಕನ್ನಡದಲ್ಲಿ ಸಂಸ್ಕೃತ ಶಬ್ದಗಳು ಹೇರಳವಾಗಿರುವುದನ್ನು ಕಂಡು ಕನ್ನಡವೂ ಸಂಸ್ಕೃತದಿಂದ ಹುಟ್ಟಿದುದೆಂದು ಬಗೆದವರು ಅಂಥವರೇ. 1816ರಲ್ಲಿ ಮದರಾಸಿನ ಎಲ್ಲಿಸ್ ಎಂಬ ಅಧಿಕಾರಿಯವರು ದಕ್ಷಿಣದೇಶದ ಭಾಷೆಗಳಿಗೆ ಸಂಸ್ಕೃತವು ಮೂಲವಲ್ಲ, ಅವುಗಳದು ಬೇರೊಂದು ಕುಟುಂಬ ಎಂದು ತೋರಿಸಿದರು. 1856ರಲ್ಲಿ ಕಾಲ್ಡ್‌ವೆಲ್ ಎಂಬವರು ಅದನ್ನೇ ದ್ರಾವಿಡವೆಂಬ ಹೆಸರಿನಿಂದ ವಿಸ್ತಾರವಾಗಿ ನಿರೂಪಿಸಿದರು.

ಒಡಹುಟ್ಟು ಯಾವುದು, ಒಡನಾಟ ಯಾವುದು ಎಂಬುದನ್ನು ಒಂದೇ ಸ್ಥಳದಲ್ಲಿ ನಿಂತು ನೋಡಬೇಕೆಂದು ಬಯಸುವವರಿಗೆ ಯೂರೋಪು ಖಂಡದ ಬಾಲ್ಟಿಕ್ ಸಮುದ್ರದ ಪೂರ್ವತೀರಕ್ಕಿಂತ ಉತ್ತಮವಾದ ಪಾಠಶಾಲೆಯು ವಿರಳವು. ಅಲ್ಲಿ ಲಿಥುವೇನಿಯ ಮತ್ತು ಲಾಟ್ವಿಯ ಎಂಬ ಎರಡು ಚಿಕ್ಕ ದೇಶಗಳಿವೆ. ಲಿಥುವೇನಿಯನ್ ಭಾಷೆಯನ್ನಾಡುವವರು ಸುಮಾರು 30 ಲಕ್ಷ ಜನರು. ಲಾಟ್ವಿಯನ್ ಭಾಷೆಯನ್ನಾಡುವವರು ಅದಕ್ಕಿಂತಲೂ ಕಡಮೆ. ಇವೆರಡೂ, ಅಳಿದುಹೋದ ಪ್ರಾಚೀನ ಪ್ರಷ್ಯನ್ ಭಾಷೆಯೂ ಕೂಡಿ ಬಾಲ್ಟಿಕ್ ವರ್ಗವೆನಿಸುವುವು. 1845ರಲ್ಲಿ ಜರ್ಮನ್ ವಿದ್ವಾಂಸರಾದ ನೆಸ್ಸೆಲ್‌ಮನ್ ಎಂಬವರು ಸಮುದ್ರದ ಹೆಸರನ್ನೇ ಈ ವರ್ಗಕ್ಕೆ ಇಟ್ಟರು. ಇವುಗಳ ದಕ್ಷಿಣಕ್ಕೂ ಪೂರ್ವಕ್ಕೂ ಪೋಲಿಷ್, ಬೆಲರೂಸಿಯನ್, ರಷ್ಯನ್ ಮೊದಲಾದ ಸ್ಲಾವ್ ಭಾಷೆಗಳಿವೆ. ಪಶ್ಚಿಮದಲ್ಲಿ ಜರ್ಮನ್ ವರ್ಗವು. ಉತ್ತರದಲ್ಲಿ ಎಸ್ಟೋನಿಯನ್, ಫಿನ್ನಿಷ್ ಭಾಷೆಗಳನ್ನೊಳಗೊಂಡ ಫಿನ್ನಿಕ್ ವರ್ಗವು. ಈ ಮೂವರು ನೆರೆಯವರ ನಡುವೆ ಬಾಲ್ಟಿಕ್ ಭಾಷೆಗಳು ಬಾಳಿಬಂದಿರುವುವು.

ಸಂಸ್ಕೃತ ಪಾಠಶಾಲೆಗಳಲ್ಲಿ ಓದಿದವರಿಗೆ ಲಿಥುವೇನಿಯನ್ ಭಾಷೆಯು ಕಿವಿಗೆ ಬಿದ್ದೊಡನೆ ಆಶ್ಚರ್ಯವನ್ನುಂಟುಮಾಡುವುದು. ಮಗನಿಗೆ ಅವರಲ್ಲಿ ಸೂನುಸ್ ಎಂಬ ಮಾತಿದೆ, ಸಂಸ್ಕೃತದಲ್ಲಿ ಸೂನುಃ. ಕುರಿಗೆ ಅವಿಸ್, ಇಲ್ಲಿ ಅವಿಃ. ಬೆಂಕಿಗೆ ಉಗ್ನಿಸ್, ಇಲ್ಲಿ ಅಗ್ನಿಃ. ಹಲ್ಲಿಗೆ ದಂತಿಸ್, ಇಲ್ಲಿ ದಂತಃ. ತೋಳಕ್ಕೆ ವಿಲ್ಕಸ್, ಇಲ್ಲಿ ವೃಕಃ. ಕನಸಿಗೆ ಸಪ್ನಸ್, ಇಲ್ಲಿ ಸ್ವಪ್ನಃ. ಗಂಡಸಿಗೆ ವೀರಸ್, ದೇವರಿಗೆ ದಿಯೆವಸ್, ಜೀವಂತವಾಗಿರುವುದಕ್ಕೆ ಗೀವಸ್, ನೂರಕ್ಕೆ ಶಿಮ್ತಸ್. ‘ಇದೆ’ ಎಂಬುದಕ್ಕೆ ಹಳೆಯ ಲಿಥುವೇನಿಯನ್ನಿನಲ್ಲಿ ಎಸ್ತಿ, ಸಂಸ್ಕೃತದಲ್ಲಿ ಅಸ್ತಿ.

ಶಬ್ದಗಳಿಗಿಂತಲೂ ವ್ಯಾಕರಣವು ಬಲವಾದ ಸಾಕ್ಷಿಯಾಗಿದೆ. ಲಿಥುವೇನಿಯನ್ ನಾಮಪದಗಳಿಗೆ ಇಂದಿಗೂ ಸಂಬೋಧನೆಯೂ ಸೇರಿ ಏಳು ವಿಭಕ್ತಿಗಳುಂಟು. ಸಪ್ತಮೀ ಬಹುವಚನಕ್ಕೆ ಆ ಭಾಷೆಯ ಹಳೆಯ ಗ್ರಂಥಗಳಲ್ಲಿ ‘ಸು’ ಎಂಬ ಪ್ರತ್ಯಯವೇ ಇದೆ. ದ್ವಿವಚನವೂ ಅವರಲ್ಲಿತ್ತು. ವೈದಿಕ ಸಂಸ್ಕೃತದಲ್ಲಿ ‘ದ್ವಾ ವೃಕಾ’ ಎಂದರೆ ಎರಡು ತೋಳಗಳು. ಲಿಥುವೇನಿಯದ ಹಳ್ಳಿಗರ ನುಡಿಯಲ್ಲಿ ‘ದು ವಿಲ್ಕು’. ವೇದದಲ್ಲಿ ಉದಾತ್ತ ಸ್ವರವು ಪದದಿಂದ ಪದಕ್ಕೆ ಸ್ಥಾನವನ್ನು ಬದಲಿಸುವಂತೆಯೇ ಲಿಥುವೇನಿಯನ್ನಿನಲ್ಲಿಯೂ ಬದಲಿಸುವುದು.

ಇದನ್ನೆಲ್ಲ ಕಂಡು ಲಿಥುವೇನಿಯನ್ನು ಸಂಸ್ಕೃತದ ಮಗಳೆಂದು ಹಿಗ್ಗುವವರುಂಟು. ಲಿಥುವೇನಿಯದ ರೈತನು ಸಂಸ್ಕೃತ ಶ್ಲೋಕವನ್ನು ಕೇಳಿದೊಡನೆ ಅರ್ಥಮಾಡಿಕೊಳ್ಳುವನೆಂಬ ಕತೆಯೂ ಬಹುದಿನಗಳಿಂದ ಹಬ್ಬಿದೆ. ಕತೆಯು ಇಂಪಾಗಿದ್ದರೂ ಸತ್ಯವಲ್ಲ. ಜೇನಿಗೆ ಸಂಸ್ಕೃತದಲ್ಲಿ ಮಧು, ಲಿಥುವೇನಿಯನ್ನಿನಲ್ಲಿ ಮೆದುಸ್ ಎಂದಿರುವುದನ್ನು ಪರೀಕ್ಷಿಸಿ ನೋಡಬೇಕು. ಮೂಲಭಾಷೆಯಲ್ಲಿ ಎ, ಒ, ಅ ಎಂಬ ಮೂರು ಸ್ವರಗಳಿದ್ದುವು. ಸಂಸ್ಕೃತವು ಈ ಮೂರನ್ನೂ ಅಕಾರದಲ್ಲಿ ಲೀನಗೊಳಿಸಿತು. ಲಿಥುವೇನಿಯನ್ ಎಕಾರವನ್ನು ಉಳಿಸಿಕೊಂಡಿತು. ಆದುದರಿಂದ ಮೆದುಸ್, ಎಸ್ತಿ ಎಂಬ ರೂಪಗಳಲ್ಲಿಯ ಎಕಾರವು ಸಂಸ್ಕೃತದ ಅಕಾರಕ್ಕಿಂತ ಪ್ರಾಚೀನವಾದುದು. ಇತ್ತ ಮಹಾಪ್ರಾಣಾಕ್ಷರಗಳನ್ನು ಸಂಸ್ಕೃತವು ಉಳಿಸಿತು, ಲಿಥುವೇನಿಯನ್ ಕಳೆದುಕೊಂಡಿತು. ಧೂಮವು ಅಲ್ಲಿ ದೂಮೈ ಆಯಿತು. ತಾಯಿಯಲ್ಲಿಲ್ಲದ ಹಳೆಯ ಆಸ್ತಿಯು ಮಗಳಲ್ಲಿ ಇರುವುದೆಂತು? ಹಿರಿಯರ ಮನೆಯ ಆಸ್ತಿಯನ್ನು ಹಂಚಿಕೊಂಡ ಇಬ್ಬರು ಸೋದರಿಯರಲ್ಲಿ ಒಬ್ಬಳು ಒಂದನ್ನೂ ಇನ್ನೊಬ್ಬಳು ಇನ್ನೊಂದನ್ನೂ ಕಾಪಾಡಿಕೊಂಡಂತೆ ಇದಾಗಿದೆ. ಇವರ ತಾಯಿಯು ಬರಹಕ್ಕೆ ಬಾರದೆಯೇ ಮರೆಯಾದ ಇಂಡೋ-ಯೂರೋಪಿಯನ್ ಮೂಲಭಾಷೆಯು. 1786ರಲ್ಲಿ ಕಲಕತ್ತೆಯಲ್ಲಿ ವಿಲಿಯಂ ಜೋನ್ಸ್ ಅವರು ಸಂಸ್ಕೃತಕ್ಕೂ ಗ್ರೀಕ್ ಲ್ಯಾಟಿನ್‌ಗಳಿಗೂ ಸಮಾನವಾದ ಮೂಲವೊಂದಿದ್ದಿರಬೇಕೆಂದು ಸೂಚಿಸಿದುದು ಇದನ್ನೇ. 1833ರಲ್ಲಿ ಫ್ರಾಂಟ್ಸ್ ಬೋಪ್ ಅವರು ಪ್ರಕಟಿಸಲಾರಂಭಿಸಿದ ತೌಲನಿಕ ವ್ಯಾಕರಣದಲ್ಲಿ ಲಿಥುವೇನಿಯನ್ನಿಗೂ ಸ್ಥಾನವು ದೊರೆಯಿತು.

ಇನ್ನು ನೆರೆಯವರ ವಿಚಾರಕ್ಕೆ ಬರಬೇಕು. ಸ್ಲಾವ್ ಭಾಷೆಗಳು ಬಾಲ್ಟಿಕ್‌ಗೆ ಅತ್ಯಂತ ಸಮೀಪವಾದುವು. ಕೈಗೆ ಲಿಥುವೇನಿಯನ್ನಿನಲ್ಲಿ ರಂಕ, ಲಾಟ್ವಿಯನ್ನಿನಲ್ಲಿ ರುವೊಕ, ರಷ್ಯನ್ನಿನಲ್ಲಿ ರುಕ. ತಲೆಗೆ ಲಿಥುವೇನಿಯನ್ನಿನಲ್ಲಿ ಗಲ್ವ, ರಷ್ಯನ್ನಿನಲ್ಲಿ ಗೊಲೊವ. ಕೊಂಬಿಗೆ ರಾಗಸ್ ಮತ್ತು ರೋಗ್. ಇವಕ್ಕಿಂತ ಸೂಕ್ಷ್ಮವಾದ ಸಾಕ್ಷ್ಯವೊಂದು ವಿಭಕ್ತಿಗಳಲ್ಲಿದೆ. ಸಂಸ್ಕೃತದಲ್ಲಿ ‘ವೃಕಾತ್’ ಪಂಚಮಿಯು, ‘ವೃಕಸ್ಯ’ ಷಷ್ಠಿಯು. ಬಾಲ್ಟಿಕ್ ಮತ್ತು ಸ್ಲಾವ್ ಎರಡರಲ್ಲಿಯೂ ಅಕಾರಾಂತದ ಷಷ್ಠೀರೂಪವು ಕಳೆದುಹೋಗಿ, ಹಳೆಯ ಪಂಚಮೀರೂಪವೇ ಷಷ್ಠಿಯ ಕಾರ್ಯವನ್ನು ಮಾಡತೊಡಗಿತು. ‘ತೋಳದ’ ಎಂಬರ್ಥದ ಲಿಥುವೇನಿಯನ್ ‘ವಿಲ್ಕೋ’ ಎಂಬುದು ‘ವೃಕಾತ್’ ಎಂಬುದರ ಸೋದರರೂಪವು. ಇಂಥ ವಿಚಿತ್ರವಾದ ಹೊಸ ಏರ್ಪಾಡು ಎರಡು ಮನೆಗಳಲ್ಲಿ ಒಂದೇ ವಿಧವಾಗಿ ಕಾಣಬಂದರೆ, ಅವರು ಸ್ವಲ್ಪಕಾಲವಾದರೂ ಒಂದೇ ಮನೆಯಲ್ಲಿದ್ದರೆಂದು ಊಹಿಸುವುದು ನ್ಯಾಯವಾಗಿದೆ. ವಿಶೇಷಣಕ್ಕೆ ಸರ್ವನಾಮವನ್ನು ಬೆಸೆದು ‘ಒಳ್ಳೆಯ’ ಎಂಬುದನ್ನು ‘ಆ ಒಳ್ಳೆಯ’ ಎಂದು ಮಾಡುವ ಕ್ರಮವೂ ಎರಡು ವರ್ಗಗಳಿಗೂ ಸಮಾನವು.

ಆದರೂ ಭೇದಗಳಿಲ್ಲದಿಲ್ಲ. ಬಾಲ್ಟಿಕ್‌ನಲ್ಲಿ ಪ್ರಥಮಪುರುಷ ಕ್ರಿಯಾಪದಕ್ಕೆ ಏಕವಚನ ಬಹುವಚನಗಳ ಭೇದವಿಲ್ಲ. ‘ಹೋಗುತ್ತಾನೆ’, ‘ಹೋಗುತ್ತಾರೆ’ ಎರಡಕ್ಕೂ ಒಂದೇ ರೂಪವು. ಸ್ಲಾವ್ ಭಾಷೆಗಳು ಸಂಸ್ಕೃತದಂತೆಯೇ ಈ ಭೇದವನ್ನು ಉಳಿಸಿಕೊಂಡಿವೆ. ಆದಕಾರಣ ವಿದ್ವಾಂಸರಲ್ಲಿ ದೀರ್ಘವಾದ ವಾದವು ನಡೆಯಿತು. ಜರ್ಮನಿಯ ಶ್ಲೈಖರ್ ಅವರು ಎರಡೂ ಒಂದೇ ಶಾಖೆಯ ಕವಲುಗಳೆಂದರು. 1908ರಲ್ಲಿ ಫ್ರಾನ್ಸಿನ ಮೇಯೆ ಅವರು ಅವೆರಡೂ ಬೇರೆಬೇರೆ ಶಾಖೆಗಳು, ಒಂದೇ ದಿಕ್ಕಿನಲ್ಲಿ ಬೆಳೆದುವು ಅಷ್ಟೆ ಎಂದು ಆಕ್ಷೇಪಿಸಿದರು. 1911ರಲ್ಲಿ ಲಾಟ್ವಿಯದ ಎಂಡ್ಜೆಲಿನ್ಸ್ ಅವರು ಮಧ್ಯಮಾರ್ಗವನ್ನು ಹಿಡಿದು, ಮೊದಲು ಬೇರೆಯಾಗಿದ್ದುವು ಅನಂತರ ನಿಕಟವಾದುವೆಂದರು. ಇಂದು ಬಹುಮಂದಿ ವಿದ್ವಾಂಸರು ಬಾಲ್ಟೋ-ಸ್ಲಾವ್ ಎಂಬ ಒಂದು ಸಮಾನ ಕಾಲವಿದ್ದಿತೆಂದು ಒಪ್ಪುತ್ತಾರೆ. ಆ ವರ್ಗವು ಮೊದಲು ಎರಡಾಗಿ ಒಡೆಯಿತೋ, ಅಥವಾ ಪಶ್ಚಿಮ ಬಾಲ್ಟಿಕ್, ಪೂರ್ವ ಬಾಲ್ಟಿಕ್, ಸ್ಲಾವ್ ಎಂದು ಮೂರಾಗಿ ಒಡೆಯಿತೋ ಎಂಬ ವಿಚಾರವು ಮಾತ್ರ ಇನ್ನೂ ನಡೆಯುತ್ತಲಿದೆ.

ಪಶ್ಚಿಮದ ನೆರೆಯವರಾದ ಜರ್ಮನ್ ವರ್ಗದವರೂ ಒಂದೇ ಮಹಾಕುಟುಂಬದವರು. ಆದರೆ ದೂರದ ದಾಯಾದಿಗಳು. ‘ತೋಳಗಳಿಗೆ’ ಎಂಬರ್ಥದಲ್ಲಿ ಸಂಸ್ಕೃತದವರು ‘ವೃಕೇಭ್ಯಃ’ ಎನ್ನುವರು. ಲಿಥುವೇನಿಯನ್ನರು ‘ವಿಲ್ಕಮ್ಸ್’ ಎನ್ನುವರು. ಜರ್ಮನ್ ವರ್ಗದ ಪ್ರಾಚೀನ ಭಾಷೆಯಾದ ಗಾಥಿಕ್‌ನಲ್ಲಿ ‘ವುಲ್ಫಮ್’. ಸಂಸ್ಕೃತದಲ್ಲಿಯೂ ಲ್ಯಾಟಿನ್ನಿನಲ್ಲಿಯೂ ಓಷ್ಠ್ಯಸ್ಪರ್ಶವಿರುವ ಕಡೆಯಲ್ಲಿ ಬಾಲ್ಟಿಕ್, ಸ್ಲಾವ್, ಜರ್ಮನ್ ಮೂರರಲ್ಲಿಯೂ ಮಕಾರವಿದೆ. ಆದರೆ ನೂರು ಎಂಬ ಮಾತಿನಲ್ಲಿ ಲಿಥುವೇನಿಯನ್ನಿನ ಶಿಮ್ತಸ್ ಸಂಸ್ಕೃತದ ಶತಂ ಕಡೆಗೆ ನಿಲ್ಲುವುದು; ಗಾಥಿಕ್‌ನ ಹುಂದ್ ಬೇರೆಯ ಕಡೆಗೆ ಹೋಗುವುದು. ಇದರ ಮೇಲೆ ಜರ್ಮನರ ಒಡನಾಟದಿಂದ ಬಂದ ಎರವಲುಗಳೂ ಇವೆ. ಲಾಟ್ವಿಯನ್ನಿನಲ್ಲಿ ಶಾಲೆಗಿರುವ ‘ಸ್ಕುವೊಲ’ ಎಂಬ ಮಾತೂ, ‘ಮತ್ತು’ ಎಂಬರ್ಥದ ‘ಉನ್’ ಎಂಬ ಅವ್ಯಯವೂ ಜರ್ಮನರಿಂದ ಬಂದುವು.

ಒಡನಾಟದ ನಿಜವಾದ ಮಹಿಮೆಯನ್ನು ಕಾಣಬೇಕಾದರೆ ಉತ್ತರದ ಕಡೆಗೆ ನೋಡಬೇಕು. ಫಿನ್ನಿಷ್ ಮತ್ತು ಎಸ್ಟೋನಿಯನ್ ಭಾಷೆಗಳು ಇಂಡೋ-ಯೂರೋಪಿಯನ್ ಕುಟುಂಬಕ್ಕೆ ಸೇರಿದುವಲ್ಲ. ಅವು ಹಂಗೇರಿಯನ್ ಭಾಷೆಯ ಬಂಧುಗಳಾಗಿ ಯೂರಾಲಿಕ್ ಎಂಬ ಕುಟುಂಬಕ್ಕೆ ಸೇರುವುವು. ಹಾಗಿದ್ದರೂ ಫಿನ್ನಿಷ್‌ನಲ್ಲಿ ಗಾಲಿಗೆ ರತಾಸ್ ಎಂದಿದೆ, ಲಿಥುವೇನಿಯನ್ನಿನಲ್ಲಿ ರಾತಸ್, ಸಂಸ್ಕೃತದ ರಥವು ಇದಕ್ಕೆ ಬಂಧುವು. ಹಲ್ಲಿಗೆ ಹಮ್ಮಸ್, ಕೊಡಲಿಗೆ ಕಿರ್ವೆಸ್, ಸೇತುವೆಗೆ ಸಿಲ್ತ, ಒಣಹುಲ್ಲಿಗೆ ಹೇಯ್ನೆ ಎಂಬ ಫಿನ್ನಿಷ್ ಶಬ್ದಗಳು ಬಾಲ್ಟಿಕ್‌ನಿಂದ ಹೋದುವು. ಅಷ್ಟೇ ಅಲ್ಲ, ಮಗಳಿಗೆ ತ್ಯುತ್ತೇರ್ ಎಂಬುದೂ ಸೋದರಿಗೆ ಸಿಸರ್ ಎಂಬುದೂ ಬಾಲ್ಟಿಕ್‌ನ ಎರವಲುಗಳೇ. ದುಹಿತೃ, ಸ್ವಸೃ ಎಂಬ ಸಂಸ್ಕೃತ ಶಬ್ದಗಳನ್ನು ಬಲ್ಲವರಿಗೆ ಇವು ಎಷ್ಟು ಪರಿಚಿತವೆನಿಸುವುವು! 1890ರಲ್ಲಿ ಡೆನ್ಮಾರ್ಕಿನ ವಿಲ್ಹೆಲ್ಮ್ ಟೋಮ್‌ಸೆನ್ ಅವರು ಈ ಎರವಲುಗಳನ್ನು ಒಂದು ಗ್ರಂಥದಲ್ಲಿ ಶೋಧಿಸಿ ವಿವರಿಸಿದರು.

ಮಗಳು, ಸೋದರಿ ಎಂಬ ಮಾತುಗಳೇ ಎರವಲು ಬಂದಿರುವಾಗ, ಫಿನ್ನಿಷ್ ಬೇರೆ ಕುಟುಂಬದ್ದೆಂದು ಯಾವುದರಿಂದ ತಿಳಿಯುವುದು? ಅದರ ಮೊದಲ ಎಣಿಕೆಗಳಿಂದಲೂ, ದೇಹದ ಮುಖ್ಯ ಶಬ್ದಗಳಿಂದಲೂ, ಸರ್ವನಾಮಗಳಿಂದಲೂ, ಪ್ರತ್ಯಯಗಳಿಂದಲೂ ತಿಳಿಯುವುದು. ಮೂರಕ್ಕೆ ಫಿನ್ನಿಷ್‌ನಲ್ಲಿ ಕೊಲ್ಮೆ, ಹಂಗೇರಿಯನ್ನಿನಲ್ಲಿ ಹಾರೊಮ್. ಕೈಗೆ ಕೆಸಿ ಮತ್ತು ಕೇಜ್. ರಕ್ತಕ್ಕೆ ವೆರಿ ಮತ್ತು ವೇರ್. ಇಂಥ ಹೋಲಿಕೆಯು ಒಂದೆರಡು ಮಾತುಗಳಲ್ಲಿ ನಿಲ್ಲದೆ, ಒಂದು ಅಕ್ಷರಕ್ಕೆ ಮತ್ತೊಂದು ಅಕ್ಷರವು ಇಂಥದೇ ಎಂಬ ನಿಯಮಕ್ಕೆ ಒಳಪಟ್ಟು ಬರುವುದು. ನಿಯಮವುಳ್ಳ ಹೋಲಿಕೆಯೇ ಒಡಹುಟ್ಟಿನ ಕುರುಹು. ನೂರಕ್ಕೆ ಫಿನ್ನಿಷ್‌ನಲ್ಲಿ ಸತ ಎಂದಿದ್ದು, ಅದು ಸಂಸ್ಕೃತದ ಶತಂ ಎಂಬುದನ್ನು ಥಟ್ಟನೆ ನೆನಪಿಗೆ ತರುವುದು. ಆದರೆ ಅದು ಇಂಡೋ-ಇರಾನಿಯನ್ ಜನರಿಂದ ಬಹು ಹಿಂದೆ ಪಡೆದ ಎರವಲು. ಕಿವಿಗೆ ಹತ್ತಿರವಾದ ಸತವು ಹುಟ್ಟಿನಿಂದ ದೂರವು. ಕಿವಿಗೆ ದೂರವಾದ ಹುಂದ್ ಎಂಬುದೇ ಶತಕ್ಕೆ ಒಡಹುಟ್ಟು.

ಶಬ್ದಗಳಂತೆ ರಚನೆಯ ಹೋಲಿಕೆಯೂ ಮೋಸಮಾಡಬಲ್ಲುದು. ಫಿನ್ನಿಷ್‌ನಲ್ಲಿಯೂ ಕನ್ನಡದಲ್ಲಿಯೂ ಪ್ರಕೃತಿಗೆ ಮೊದಲು ಬಹುವಚನವನ್ನೂ ಬಳಿಕ ವಿಭಕ್ತಿಯನ್ನೂ ಒಂದರ ಹಿಂದೊಂದು ಅಂಟಿಸುವರು. ಇಂಥ ಸಾಮ್ಯಗಳನ್ನು ಹಿಡಿದು ಕಾಲ್ಡ್‌ವೆಲ್ ಅವರಂಥ ಪಂಡಿತರೇ ದ್ರಾವಿಡ ಭಾಷೆಗಳನ್ನು ಫಿನ್ನಿಷ್ ಮೊದಲಾದುವುಗಳೊಡನೆ ‘ಸಿಥಿಯನ್’ ಎಂಬ ಒಂದೇ ವರ್ಗಕ್ಕೆ ಸೇರಿಸಿದರು. ಆ ಮತವನ್ನು ಭಾಷಾಶಾಸ್ತ್ರಜ್ಞರು ಇಂದು ಅಂಗೀಕರಿಸುವುದಿಲ್ಲ.

ಕೊಟ್ಟವರು ಕೊಂಡವರೂ ಆಗಿದ್ದರು. ಲಾಟ್ವಿಯದ ಕರಾವಳಿಯಲ್ಲಿ ಲಿವೋನಿಯನ್ ಎಂಬ ಫಿನ್ನಿಕ್ ಭಾಷೆಯವರಿದ್ದರು. ಹುಡುಗನಿಗೆ ಪುಯ್ಕ, ಮನೆಗೆ ಮಾಯ ಎಂಬ ಲಾಟ್ವಿಯನ್ ಮಾತುಗಳು ಫಿನ್ನಿಕ್ ಮೂಲದವು. ಲಿಥುವೇನಿಯನ್ನಿನಲ್ಲಿ ಸಂಚರಿಸುವ ಸ್ವರಾಘಾತವು ಲಾಟ್ವಿಯನ್ನಿನಲ್ಲಿ ಪದದ ಮೊದಲಕ್ಷರದಲ್ಲಿಯೇ ನೆಲಸಿದುದಕ್ಕೂ ಈ ಒಡನಾಟವೇ ಕಾರಣವೆಂದು ಅನೇಕ ವಿದ್ವಾಂಸರ ಅಭಿಪ್ರಾಯವು. ಆದರೆ ಲಿವೋನಿಯನ್ನರು ಕ್ರಮೇಣ ಲಾಟ್ವಿಯನ್ ಭಾಷೆಗೆ ಒಗ್ಗಿಹೋದರು. ಲಿವೋನಿಯನ್ನನ್ನು ಮಾತೃಭಾಷೆಯಾಗಿ ಕಲಿತು ಬೆಳೆದ ಹಳೆಯ ತಲೆಮಾರಿನ ಕೊನೆಯ ವ್ಯಕ್ತಿಯು 2013ರಲ್ಲಿ ಗತಿಸಿದರು.

ಇಲ್ಲಿಯ ವರೆಗೆ ಹೇಳಿದುದು ಭಾಷೆಗಳ ಬಂಧುತ್ವದ ವಿಚಾರವು. ಆದರೆ ಬಂಧುತ್ವವನ್ನು ಅರಿಯುವುದಕ್ಕೆ ಮೊದಲು ಭಾಷೆಯು ಉಳಿದಿರಬೇಕಷ್ಟೆ. ಒಂದು ಕಾಲದಲ್ಲಿ ಬಾಲ್ಟಿಕ್ ನುಡಿಗಳು ಇಂದಿನ ಬೆಲರೂಸ್ ದೇಶವನ್ನೂ ದಾಟಿ ಮಾಸ್ಕೋ ನಗರದ ಸಮೀಪದ ವರೆಗೂ ಹಬ್ಬಿದ್ದುವು. ನೀಪರ್ ನದಿಯ ಮೇಲ್ಭಾಗದ ನೂರಾರು ಹೊಳೆಗಳ ಹೆಸರುಗಳು ಬಾಲ್ಟಿಕ್ ಮೂಲದವೆಂದು 1962ರಲ್ಲಿ ತೊಪೊರೊವ್ ಮತ್ತು ತ್ರುಬಚೋವ್ ಎಂಬ ವಿದ್ವಾಂಸರು ತೋರಿಸಿದರು. ನುಡಿದವರು ಸ್ಲಾವ್ ಜನರಲ್ಲಿ ಬೆರೆತುಹೋದರು. ಹೊಳೆಗಳ ಹೆಸರು ಮಾತ್ರ ಉಳಿಯಿತು.

ಪ್ರಷ್ಯನ್ ಭಾಷೆಯ ಕತೆಯು ಇದಕ್ಕಿಂತಲೂ ಕರುಣಾಜನಕವು. ಹದಿಮೂರನೆಯ ಶತಮಾನದಲ್ಲಿ ಟ್ಯೂಟನ್ ಯೋಧಸಂಘದವರು ಪ್ರಷ್ಯನ್ನರ ನಾಡನ್ನು ಗೆದ್ದು ಜರ್ಮನರನ್ನು ನೆಲೆಗೊಳಿಸಿದರು. ಆ ಭಾಷೆಯಲ್ಲಿ ಉಳಿದಿರುವುದು ಅತ್ಯಲ್ಪವು: ಸುಮಾರು 800 ಶಬ್ದಗಳ ಒಂದು ಕೋಶ, ಸುಮಾರು 100 ಶಬ್ದಗಳ ಇನ್ನೊಂದು ಪಟ್ಟಿ, 1545ರಲ್ಲಿ ಅಚ್ಚಾದ ಎರಡು, 1561ರಲ್ಲಿ ಅಚ್ಚಾದ ಒಂದು ಕ್ರೈಸ್ತ ಧರ್ಮಬೋಧೆಯ ಪುಸ್ತಕಗಳು, ಇವಲ್ಲದೆ ಕೆಲವು ಬಿಡಿವಾಕ್ಯಗಳು. ಇಷ್ಟರಲ್ಲಿಯೇ ಅಮೂಲ್ಯವಾದ ಪ್ರಾಚೀನತೆಯಿದೆ. ಲಿಥುವೇನಿಯನ್ ದಿಯೆವಸ್ ಎಂದು ಬದಲಿಸಿದ ಶಬ್ದವನ್ನು ಪ್ರಷ್ಯನ್ ದೆಯ್ವ್ಸ್ ಎಂದು ಹಳೆಯ ಸಂಧ್ಯಕ್ಷರದೊಡನೆ ಉಳಿಸಿತ್ತು. ಲಿಥುವೇನಿಯನ್ ಲಾಟ್ವಿಯನ್ ನಾಮಪದಗಳು ಕಳೆದುಕೊಂಡ ನಪುಂಸಕಲಿಂಗವೂ ಅದರಲ್ಲಿತ್ತು. 1709ರಿಂದ 1711ರ ವರೆಗೆ ಆ ನಾಡಿನಲ್ಲಿ ಮಹಾಮಾರಿಯು ಹಬ್ಬಿ ಹಳ್ಳಿಗಳು ಬರಿದಾದುವು. ಆ ಶತಮಾನದ ಆರಂಭದಲ್ಲಿಯೇ ಪ್ರಷ್ಯನ್ ನುಡಿಯು ನಿಂತುಹೋಯಿತು. ಗೆದ್ದವರು ಸೋತವರ ಹೆಸರನ್ನು ಧರಿಸಿ ಪ್ರಷ್ಯವೆಂಬ ರಾಜ್ಯವನ್ನು ಮೆರೆಸಿದರು. ಆ ಹೆಸರಿನ ಒಡೆಯರ ಭಾಷೆಯನ್ನು ಆಡುವವರು ಯಾರೂ ಉಳಿಯಲಿಲ್ಲ.

ಲಿಥುವೇನಿಯನ್ ಭಾಷೆಗೂ ಅದೇ ಗತಿಯು ಬರಬಹುದಾಗಿತ್ತು. ಲಿಥುವೇನಿಯದ ಮಹಾಸಂಸ್ಥಾನವು ವಿಸ್ತಾರವಾಗಿದ್ದ ಕಾಲದಲ್ಲಿಯೂ ಅರಮನೆಯ ಬರಹವು ಆ ಭಾಷೆಯಲ್ಲಿರಲಿಲ್ಲ. 1529, 1566, 1588ರ ರಾಜಶಾಸನ ಸಂಹಿತೆಗಳು ಒಂದು ಸ್ಲಾವ್ ಭಾಷೆಯಲ್ಲಿಯೇ ರಚಿತವಾದುವು. ಕಾಲಕ್ರಮದಲ್ಲಿ ಶ್ರೀಮಂತರು ಪೋಲಿಷ್ ಭಾಷೆಯನ್ನು ಹಿಡಿದರು. ಲಿಥುವೇನಿಯನ್ ರೈತರ ಮನೆಯಲ್ಲಿ ಉಳಿಯಿತು. ಅದರ ಮೊದಲ ಮುದ್ರಿತ ಪುಸ್ತಕವು ಮಜ್ವೀದಸ್ ಎಂಬವರ ಧರ್ಮಬೋಧೆಯು. 1547ರಲ್ಲಿ ಕ್ಯೋನಿಗ್ಸ್‌ಬೆರ್ಗ್ ನಗರದಲ್ಲಿ ಅಚ್ಚಾಯಿತು. ವೇದದ ರೂಪಗಳಿಗೆ ಸರಿದೂಗುವ ರೂಪಗಳನ್ನು ಅಷ್ಟು ಕಾಲ ಗ್ರಂಥದ ಬಲವಿಲ್ಲದೆ ಕಾಪಾಡಿದವರು ಉಳುವವರೂ ನೂಲುವವರೂ. 1852ರಲ್ಲಿ ಶ್ಲೈಖರ್ ಅವರು ಆ ಭಾಷೆಯನ್ನು ಕಲಿಯಲು ಹೋದುದು ಯಾವ ವಿದ್ಯಾಪೀಠಕ್ಕೂ ಅಲ್ಲ. ಪೂರ್ವ ಪ್ರಷ್ಯದಲ್ಲಿದ್ದ ಲಿಥುವೇನಿಯನ್ ರೈತರ ಬಳಿಗೆ. ಅಲ್ಲಿ ಕಲಿತುದನ್ನು ಅವರು 1856 ಮತ್ತು 1857ರಲ್ಲಿ ವ್ಯಾಕರಣವನ್ನಾಗಿಯೂ ಪಾಠಸಂಗ್ರಹವನ್ನಾಗಿಯೂ ಪ್ರಕಟಿಸಿದರು.

ಅನಂತರ ಕಠಿನವಾದ ಪರೀಕ್ಷೆಯು ಬಂದಿತು. 1863ರ ದಂಗೆಯ ತರುವಾಯ ರಷ್ಯದ ಚಕ್ರಾಧಿಪತ್ಯವು, ಲಿಥುವೇನಿಯನ್ನನ್ನು ಲ್ಯಾಟಿನ್ ಲಿಪಿಯಲ್ಲಿ ಅಚ್ಚುಮಾಡಕೂಡದು, ರಷ್ಯನ್ ಲಿಪಿಯಲ್ಲಿಯೇ ಮಾಡಬೇಕು ಎಂದು ಆಜ್ಞಾಪಿಸಿತು. 1864ರಿಂದ 1904ರ ವರೆಗೆ ಸುಮಾರು ನಲವತ್ತು ವರ್ಷ ಈ ನಿಷೇಧವು ನಡೆಯಿತು. ಆ ಲಿಪಿಯ ಪುಸ್ತಕಗಳನ್ನು ಜನರು ಒಲ್ಲೆವೆಂದರು. ಗಡಿಯಾಚೆ ಪೂರ್ವ ಪ್ರಷ್ಯದ ತಿಲ್ಸಿತ್ ಮೊದಲಾದ ಊರುಗಳಲ್ಲಿ ಲ್ಯಾಟಿನ್ ಲಿಪಿಯ ಪುಸ್ತಕಗಳು ಅಚ್ಚಾಗುತ್ತಿದ್ದುವು. ಪುಸ್ತಕ ಹೊರುವವರೆಂದು ಹೆಸರಾದ ಸಾಮಾನ್ಯ ಜನರು ಅವುಗಳನ್ನು ರಾತ್ರಿಯಲ್ಲಿ ಗಡಿ ದಾಟಿಸಿ ಹಳ್ಳಿಹಳ್ಳಿಗೆ ಮುಟ್ಟಿಸಿದರು. ಸಿಕ್ಕಿಬಿದ್ದವರಲ್ಲಿ ಕೆಲವರು ಸೆರೆಮನೆಯನ್ನು ಕಂಡರು, ಕೆಲವರು ಸೈಬೀರಿಯದ ಪಾಲಾದರು. ಮನೆಗಳಲ್ಲಿ ತಾಯಂದಿರು ರಾಟೆಯ ಮುಂದೆ ಕುಳಿತು ನೂಲುತ್ತಲೇ ಮಕ್ಕಳಿಗೆ ಅಕ್ಷರಗಳನ್ನು ಕಲಿಸಿದರು. ರಿಮ್ಶ ಎಂಬ ಶಿಲ್ಪಿಯು ಇದನ್ನೇ ‘ಲಿಥುವೇನಿಯದ ಶಾಲೆ’ ಎಂಬ ಹೆಸರಿನಿಂದ ಮೂರ್ತಿಗೊಳಿಸಿರುವರು. ಒಂದು ಬಾಲ್ಟಿಕ್ ಭಾಷೆಯು ಅಳಿದ ಆ ಪ್ರಷ್ಯದ ನೆಲದಿಂದಲೇ ಇನ್ನೊಂದು ಬಾಲ್ಟಿಕ್ ಭಾಷೆಯನ್ನು ಉಳಿಸಿದ ಪುಸ್ತಕಗಳು ಬಂದುವೆಂಬುದು ಗಮನಾರ್ಹವಾದ ಸಂಗತಿಯು.

1904ರಲ್ಲಿ ನಿಷೇಧವು ತೊಲಗಿತು. 1918ರಲ್ಲಿ ಲಿಥುವೇನಿಯ, ಲಾಟ್ವಿಯಗಳೆರಡೂ ಸ್ವತಂತ್ರವೆಂದು ಘೋಷಿಸಿಕೊಂಡು ತಮ್ಮ ಭಾಷೆಗಳನ್ನು ರಾಜ್ಯಭಾಷೆಗಳನ್ನಾಗಿ ಮಾಡಿದುವು. 1940ರಲ್ಲಿ ಸ್ವಾತಂತ್ರ್ಯವು ಹೋಯಿತು. 1990ರಲ್ಲಿ ಲಿಥುವೇನಿಯವು, 1991ರಲ್ಲಿ ಲಾಟ್ವಿಯವು ಅದನ್ನು ಮರಳಿ ಸ್ಥಾಪಿಸಿದುವು. 2004ರಿಂದ ಈ ಎರಡು ಭಾಷೆಗಳೂ ಯೂರೋಪಿಯನ್ ಒಕ್ಕೂಟದ ಅಧಿಕೃತ ಭಾಷೆಗಳಲ್ಲಿ ಸೇರಿವೆ.

ಮಹಾಶಯರೇ, ಈ ವೃತ್ತಾಂತದಿಂದ ಎರಡು ವಿಷಯಗಳು ತಿಳಿಯಬರುವುವು. ಒಡಹುಟ್ಟನ್ನು ಸಾಧಿಸುವುದು ನಿಯಮಬದ್ಧವಾದ ಹೋಲಿಕೆಯೇ ಹೊರತು ಕಿವಿಯ ಸುಖವಲ್ಲ. ಸಂಸ್ಕೃತವು ಲಿಥುವೇನಿಯನ್ನಿಗೆ ತಾಯಿಯಲ್ಲವೆಂದುದರಿಂದ ಸಂಸ್ಕೃತದ ಗೌರವಕ್ಕೆ ಕುಂದಿಲ್ಲ. ಕನ್ನಡವು ಸಂಸ್ಕೃತದ ಮಗಳಲ್ಲವೆಂದುದರಿಂದ ಇವೆರಡರ ದೀರ್ಘವಾದ ಒಡನಾಟಕ್ಕೂ ಕುಂದಿಲ್ಲ. ಎರಡನೆಯದಾಗಿ, ಒಂದು ಭಾಷೆಯ ಪ್ರಾಚೀನತೆಯು ಅದರ ಉಳಿವಿಗೆ ರಕ್ಷೆಯಾಗಲಾರದು. ಪ್ರಷ್ಯನ್ ಭಾಷೆಯು ಲಿಥುವೇನಿಯನ್ನಿಗಿಂತ ಯಾವ ವಿಧದಲ್ಲಿಯೂ ಅರ್ವಾಚೀನವಾಗಿರಲಿಲ್ಲ. ಒಂದರ ಮಕ್ಕಳಿಗೆ ಮನೆಯಲ್ಲಿ ಅದನ್ನು ಕಲಿಸುವವರು ಇಲ್ಲವಾದರು. ಮತ್ತೊಂದರ ಮಕ್ಕಳಿಗೆ ರಾಟೆಯ ಮುಂದೆ ಕುಳಿತು ಕಲಿಸುವ ತಾಯಂದಿರಿದ್ದರು. ಸಭೆಯಲ್ಲಿ ನೆರೆದಿರುವ ತಾಯಿತಂದೆಗಳು ಇದನ್ನು ಮನೆಗೆ ಹೋಗಿ ಚಿಂತಿಸಬೇಕೆಂಬ ಪ್ರಾರ್ಥನೆಯೊಡನೆ ಈ ಉಪನ್ಯಾಸವು ಮುಕ್ತಾಯವಾಗುವುದು.

ಶುಭಂ ಭೂಯಾತ್.